ಉಸಿರಿನ ಗೆರೆ

ಆ ಬೆಳಿಗ್ಗೆ ಮುಕ್ಕಳಿಸಲೆಂದು ಬಾಯಿಗೆ ತುಂಬಿಕೊಂಡ ನೀರು ಸಿದ್ದೇಶ್ವರಿಯ ತುಟಿಯ ಬಲತುದಿಯಿಂದ ತಾನಾಗಿಯೇ ಸೋರಿ ಕೊರಳಿಗೆ ಇಳಿಯಿತು. ನಿದ್ದೆಯ ಮಂಪರು ಇನ್ನೂ ಹರಿದಿಲ್ಲವೆಂದುಕೊಂಡು ಅವಳು ಮತ್ತೊಂದು ಗುಟುಕು ತುಂಬಿಕೊಂಡಳು, ಅದೂ ನಿಲ್ಲಲಿಲ್ಲ. ಭಾಲ್ಕಿ ರೈಲು ನಿಲ್ದಾಣದ ಹಿಂದಿನ ಆ ಮನೆಯಲ್ಲಿ ಅವಳೂ ಅವಳ ಗಂಡ ಅನೀಲಕುಮಾರನೂ ಇಬ್ಬರೇ. ಬೇಳೆಕಾಳಿನ ದಲ್ಲಾಳಿ ಅಂಗಡಿಯಲ್ಲಿ ತೂಕ ನೋಡುವ ಅನೀಲಕುಮಾರ, ಚಹಾದ ಕಪ್ಪು ಹಿಡಿದು ಬಚ್ಚಲ ಬಾಗಿಲಿಗೆ ಬಂದವನು ಅವಳ ಮುಖ ನೋಡಿ ನಕ್ಕ.

"ಏ, ಮುಂಜ್‌ಮುಂಜಾನೆ ಯಾಕ ಹಿಂಗ ಮಾರಿ ಮಾಡ್ಲತ್ತಿ? ನಾ ಏನ್ ತಪ್ಪು ಮಾಡೀನಿ ಅಣಕಿಸ್ಲಾಕ?"

"ನಾ ಏನೂ ಮಾಡ್ಲತ್ತಿಲ್ರಿ" ಎಂದಳು ಸಿದ್ದೇಶ್ವರಿ. ಹೇಳಿದ್ದು ಹಾಗೆ, ಕೇಳಿಸಿದ್ದು ಹಾಗಲ್ಲ. ತುಟಿಯ ಬಲಭಾಗ ಎಡಭಾಗದ ಜೊತೆಗೆ ಏಳಲಿಲ್ಲ. ಅನೀಲಕುಮಾರನ ನಗೆ ಅಲ್ಲಿಗೇ ಒಣಗಿತು. ಕಪ್ಪನ್ನು ಕಟ್ಟೆಯ ಮೇಲಿಟ್ಟು ಅವಳ ಕೈಹಿಡಿದು ಕನ್ನಡಿಯ ಮುಂದೆ ನಿಲ್ಲಿಸಿದ.

ಹತ್ತೊಂಬತ್ತು ವರ್ಷ ಬೀದರ ಜಿಲ್ಲೆಯ ಮನೆಮನೆಯಲ್ಲಿ ಸಂಜೆ ಏಳು ಗಂಟೆಗೆ ಟಿವಿಯಲ್ಲಿ ಕಾಣಿಸಿಕೊಂಡಿದ್ದ ಮುಖ ಅದು. ಬಲಗಡೆ ಹಣೆಯಿಂದ ಗದ್ದದವರೆಗೆ ಜೋತುಬಿದ್ದಿತ್ತು. ಕಣ್ಣು ಪೂರ್ತಿ ಮುಚ್ಚುತ್ತಿರಲಿಲ್ಲ.

ಮುಖದ ನರ ಬಾತಿದೆ, ಮೆದುಳಿಗೆ ಏನೂ ಆಗಿಲ್ಲ, ಬಹಳಷ್ಟು ಜನರಿಗೆ ಮೂರು ತಿಂಗಳಲ್ಲಿ ಸರಿಹೋಗುತ್ತದೆ, ಕೆಲವರಿಗೆ ಸ್ವಲ್ಪ ಉಳಿದುಕೊಳ್ಳುತ್ತದೆ ಎಂದರು ಬೀದರಿನ ವೈದ್ಯರು. ಆ ಕೆಲವರಲ್ಲಿ ತಾನೂ ಒಬ್ಬಳಾಗಬಹುದೆಂಬ ಮಾತನ್ನು ಸಿದ್ದೇಶ್ವರಿ ಕಿವಿಗೆ ಹಾಕಿಕೊಳ್ಳಲಿಲ್ಲ. ಅವಳಿಗೆ ಬೇಕಾಗಿದ್ದದ್ದು ಒಂದೇ: ವಾರ್ತೆ ಓದುವ ಆ ಕುರ್ಚಿಗೆ ಮರಳುವುದು.

ಆ ಕುರ್ಚಿ ಅವಳಿಗೆ ಸುಲಭವಾಗಿ ಒದಗಿದ್ದಲ್ಲ. ಔರಾದ ತಾಲ್ಲೂಕಿನ ಒಂದು ಹಳ್ಳಿಯಲ್ಲಿ ಕುರಿ ಕಾಯುವ ಧೊಂಡಿಬಾನ ಮಗಳು ಅವಳು. ಮಳೆ ನಂಬಿದ ನಾಲ್ಕು ಎಕರೆ, ಅರವತ್ತು ಕುರಿ. ಹತ್ತನೇ ಇಯತ್ತೆ ಮುಗಿಸಿದ ಹುಡುಗಿಯರು ಆ ಹಳ್ಳಿಯಲ್ಲಿ ಬೆರಳೆಣಿಕೆಯಷ್ಟೇ ಇದ್ದ ಕಾಲ. ಪೋಲಿಯೋ ಹನಿಯ ದಿನ, ಗ್ರಾಮಸಭೆಯ ದಿನ ಪಂಚಾಯಿತಿಯ ಮೈಕಿನಲ್ಲಿ ಕೂಗಿ ಹೇಳುವ ಕೆಲಸ ಅವಳ ಪಾಲಿಗೆ ಬಂತು. ಗುಡ್ಡದಾಚೆಯ ಕುರಿ ಕರೆದು ಪಳಗಿದ ದನಿಗೆ ಮೈಕು ಬೇಕಾಗಿಯೂ ಇರಲಿಲ್ಲ. ಒಂದು ಸಮಾರಂಭದ ಚಿತ್ರೀಕರಣಕ್ಕೆ ಬಂದಿದ್ದ ದತ್ತಾತ್ರೇಯರಾವ್ ಆ ದನಿ ಕೇಳಿ ನಿಂತರು. ಬೀದರಿನ ಮೈಲೂರಿನಲ್ಲಿ ಅವರದೊಂದು ಕೇಬಲ್ ವಾಹಿನಿ ಆಗತಾನೆ ಶುರುವಾಗಿತ್ತು. "ಈ ಹುಡುಗಿಗಿ ಉಸಿರು ಎಲ್ಲಿ ತಗೋಬೇಕಂತ ಗೊತ್ತದ. ಉಳಿದದ್ದು ಕಲಿಸ್ಬಹುದು" ಎಂದು ಧೊಂಡಿಬಾನಿಗೆ ಹೇಳಿದರು. ಧೊಂಡಿಬಾ ಗಡ್ಡ ಕೆರೆದುಕೊಂಡು, "ಉಸಿರು ಕುರಿಗೂ ಗೊತ್ತಿರ್ತದ್ರಿ ಸಾಹೇಬ್ರ" ಎಂದನಂತೆ. ಆದರೂ ಕಳಿಸಿದ.

ಮೈಲೂರಿನ ಆ ಕಚೇರಿ ಎರಡು ಕೋಣೆಗಳದ್ದು. ಕೆಳಗೆ ಹಿಟ್ಟಿನ ಗಿರಣಿ. ಸಂಜೆ ನಾಲ್ಕಕ್ಕೆ ಗಿರಣಿ ಸ್ವಲ್ಪ ಹೊತ್ತು ನಿಂತಾಗಲೇ ಮೇಲೆ ದನಿ ಹಿಡಿಯಬೇಕು. ಹೀಗಾಗಿ ಏಳು ಗಂಟೆಯ ವಾರ್ತೆಯನ್ನು ಆಗಲೇ ಓದಿ ಚಿತ್ರೀಕರಿಸಿ, ಕತ್ತರಿಸಿ ಜೋಡಿಸಿ, ಆಮೇಲೆ ಬಿತ್ತರಿಸುವ ಪದ್ಧತಿ. ಕತ್ತರಿಸುವವನು ಐದನೇ ವರ್ಷಕ್ಕೆ ಕೆಲಸ ಬಿಟ್ಟು ಹೋದಾಗ ಸಿದ್ದೇಶ್ವರಿ ಆ ಕೆಲಸವನ್ನೂ ಕಲಿತಳು. ಓದುವವಳೂ ತಾನೇ, ಓದಿದ್ದನ್ನು ತಿದ್ದುವವಳೂ ತಾನೇ. ತನ್ನ ತಪ್ಪಿಗೆ ತಾನೇ ಕತ್ತರಿ ಹಾಕುವ ಆ ಶಿಸ್ತು ಅವಳನ್ನು ಕಲ್ಲಿನಂತೆ ಗಟ್ಟಿ ಮಾಡಿತು. ಅವಳಿಗೆ ಒಂದು ರೂಢಿಯಿತ್ತು: ಓದಬೇಕಾದ ಹಾಳೆಯ ಮೇಲೆ ಕೆಂಪು ಶಾಯಿಯಲ್ಲಿ ಓರೆ ಗೆರೆ ಎಳೆಯುವುದು. ಒಂದು ಗೆರೆಯಿದ್ದರೆ ಗಿಡ್ಡ ಉಸಿರು, ಎರಡಿದ್ದರೆ ತುಂಬು ಉಸಿರು. ಗೆರೆ ಹಾಕದ ಹಾಳೆಯನ್ನು ಹಿಡಿದು ಅವಳು ಕ್ಯಾಮೆರಾದ ಮುಂದೆ ಎಂದೂ ಕೂತವಳಲ್ಲ.

ಮುಖ ಜೋತುಬಿದ್ದ ಮೇಲೆ ಕುರ್ಚಿಯಲ್ಲಿ ಕೂತವಳು ದತ್ತಾತ್ರೇಯರಾಯರ ಸೊಸೆ ಗಾರ್ಗಿ. ಉದಗೀರ ಕಡೆಯ ಹೆಣ್ಣು. ತವರಿನ ಮಾತು ಮರಾಠಿ. ಕನ್ನಡ ಓದಬಲ್ಲಳು, ಮಾತನಾಡಬಲ್ಲಳು, ಆದರೆ ಉದ್ದನೆಯ ವಾಕ್ಯ ಬಂತೆಂದರೆ ನಡುನೀರಿನಲ್ಲಿ ದೋಣಿ ಬಿಟ್ಟವಳಂತೆ ಕಂಗೆಡುತ್ತಿದ್ದಳು. ಉಸಿರು ತೀರಿದಲ್ಲಿ ನಿಲ್ಲುತ್ತಿದ್ದಳು, ಅದು ಪದದ ಹೊಟ್ಟೆಯೇ ಆಗಿರಲಿ. ಆಮೇಲೆ "ಸಾರಿ, ಸಾರಿ" ಎಂದು ಮೊದಲಿಂದ ಓದುತ್ತಿದ್ದಳು. ಹದಿನೈದು ನಿಮಿಷದ ವಾರ್ತೆಗೆ ಮುಕ್ಕಾಲು ಗಂಟೆಯ ಚಿತ್ರೀಕರಣ. ಅದನ್ನು ಕತ್ತರಿಸಿ ಹದಿನೈದು ನಿಮಿಷಕ್ಕೆ ಇಳಿಸುವುದು ಸಿದ್ದೇಶ್ವರಿಯ ಪಾಲಿಗೆ ಬಂತು.

ಮನಸ್ಸು ಮಾಡಿದ್ದರೆ ಅವಳು ಒಂದೆರಡು ತಡವರಿಕೆಗಳನ್ನು ಹಾಗೆಯೇ ಬಿಡಬಹುದಿತ್ತು. ಬಿಡಲಿಲ್ಲ. ಅದು ಗಾರ್ಗಿಯ ಮೇಲಿನ ಮಮತೆಯಿಂದಲ್ಲ. ತನ್ನ ಕೈಯಿಂದ ಹೊರಟ ವಾರ್ತೆಯಲ್ಲಿ ಎಡವು ಉಳಿಯುವುದನ್ನು ಅವಳ ಅಭಿಮಾನ ಸಹಿಸುತ್ತಿರಲಿಲ್ಲ. ಹಾಳೆಗಳ ಮೇಲೆ ಕೆಂಪು ಗೆರೆಗಳನ್ನು ಅವಳೇ ಹಾಕಿಕೊಡತೊಡಗಿದಳು. ಹಾಕಿಕೊಟ್ಟರೂ ಗಾರ್ಗಿ ತಪ್ಪುತ್ತಿದ್ದಳು. ತಪ್ಪಿದ್ದನ್ನು ಇವಳು ತೆಗೆಯುತ್ತಿದ್ದಳು. ಒಂದು ಉಸಿರಿನ ಸಪ್ಪಳವನ್ನು ತೆಗೆದು, ಮತ್ತೊಂದನ್ನು ಅರೆಗಳಿಗೆ ಹಿಂದೆ ಸರಿಸಿ, ಎರಡು ಸಲ ಓದಿದ್ದರಲ್ಲಿ ಮೊದಲರ್ಧ ಇದರಿಂದ, ಎರಡನೆಯ ಅರ್ಧ ಅದರಿಂದ ಕೂಡಿಸುತ್ತಿದ್ದಳು. ಸಂಜೆ ಏಳಕ್ಕೆ ಗಾರ್ಗಿ ಎಣ್ಣೆ ಸುರಿದಂತೆ ಓದುವುದನ್ನು ಜಿಲ್ಲೆ ಕೇಳುತ್ತಿತ್ತು. ಎರಡು ತಿಂಗಳು ಕಳೆಯುವಷ್ಟರಲ್ಲಿ ಜನ ಹಳಬಳನ್ನು ಕೇಳುವುದು ಬಿಟ್ಟರು.

ರೈಲಿನಲ್ಲಿ ಮಾತ್ರ ಕೇಳುತ್ತಿದ್ದರು. ಭಾಲ್ಕಿಯಿಂದ ಬೀದರಿಗೆ ಹೋಗುವ ಬೆಳಗಿನ ಗಾಡಿಯಲ್ಲಿ ಸಿದ್ದೇಶ್ವರಿ ಈಗ ಮುಖದ ಬಲಭಾಗ ಕಿಟಕಿಗೆ ಬರುವಂತೆ ಕೂರುತ್ತಿದ್ದಳು. ದಿನದ ಸಹಪ್ರಯಾಣಿಕಳಾದ ಮರಾಠಿ ಶಾಲೆಯ ಶಿಕ್ಷಕಿ ಜಾನಕಿಬಾಯಿ ಒಂದು ದಿನ ತಡೆಯಲಾರದೆ ಕೇಳಿಯೇಬಿಟ್ಟಳು.

"ಅಲ್ರೀ ಸಿದ್ದೇಶ್ವರಿಬಾಯಿ, ಟಿವಿದಾಗ ಕಾಣೋದೇ ಬಿಟ್ರೆಲ್ಲಾ. ಈಗೇನ್ ಮಾಡ್ಲತ್ತೀರಿ ಅಲ್ಲಿ?"

"ಎಡಿಟಿಂಗ್ ರೀ."

"ಅಂದ್ರೇನ್ರಿ ಅದು?"

"ಬ್ಯಾರೆಯವ್ರು ತಪ್ಪಿದ್ದು ಯಾರಿಗೂ ಕಾಣದಂಗ ಮಾಡೋದು."

"ಅಗ್ಗ ಬಾಯಿ!" ಎಂದು ಜಾನಕಿಬಾಯಿ ಗಲ್ಲಕ್ಕೆ ಬೆರಳಿಟ್ಟಳು. "ಅದನ್ನ ನಾ ಇಪ್ಪತ್ತೆಂಟು ವರ್ಷದಿಂದ ಅತ್ತಿ ಮನ್ಯಾಗ ಮಾಡ್ಲತ್ತೀನಿ. ನಂಗ್ಯಾರೂ ನೌಕರಿ ಅನ್ಲಿಲ್ಲ ನೋಡ್ರಿ."

ರೈಲು ಡಬ್ಬಿಯ ತುಂಬ ನಗೆ ಎದ್ದಿತು. ಸಿದ್ದೇಶ್ವರಿಯೂ ನಗಲು ಹೋಗಿ, ಅರ್ಧ ಮುಖವಷ್ಟೇ ನಕ್ಕೀತೆಂದು ನೆನಪಾಗಿ ಸೆರಗನ್ನು ತುಟಿಗೆ ಒತ್ತಿಕೊಂಡಳು.

ಮನೆಯಲ್ಲಿ ಅಭ್ಯಾಸ ನಡೆದೇ ಇತ್ತು. ದಿನಕ್ಕೆ ಮೂರು ಹೊತ್ತು ಬಲೂನು ಊದುವುದು, ಕನ್ನಡಿಯ ಮುಂದೆ ಪ, ಬ, ಮ ಹೇಳುವುದು. ತುಟಿಗಳೆರಡೂ ಮುಚ್ಚಿ ತೆರೆಯಬೇಕಾದ ಈ ಅಕ್ಷರಗಳಲ್ಲಿಯೇ ಗಾಳಿ ಸೋರುತ್ತಿತ್ತು. 'ಬೀದರ' ಎಂಬ ಮಾತೊಂದನ್ನೇ ಅವಳು ದಿನಕ್ಕೆ ನೂರು ಸಲ ಹೇಳುತ್ತಿದ್ದಳು. ಅನೀಲಕುಮಾರ ಉಣ್ಣುತ್ತಾ ಕೂತು, "ಊರಿಗಿ ಸುದ್ದಿ ಓದೋದು ಹೋಗ್ಲಿ, ಮನ್ಯಾಗರ ಓದು. 'ಇಂದಿನ ಪಲ್ಯದಲ್ಲಿ ಉಪ್ಪು ನಾಪತ್ತೆಯಾಗಿದ್ದು, ತನಿಖೆ ಮುಂದುವರಿದಿದೆ'" ಎಂದು ಅವಳದೇ ದನಿಯಲ್ಲಿ ಹೇಳಿ ನಗಿಸಲು ನೋಡುತ್ತಿದ್ದ. ಅವಳು ನಗುತ್ತಿರಲಿಲ್ಲ. ಅವನೂ ಆಮೇಲೆ ತಟ್ಟೆಯ ಕಡೆಗೇ ನೋಡುತ್ತ ಉಣ್ಣುತ್ತಿದ್ದ.

ಆಗಸ್ಟ್ ಹೊತ್ತಿಗೆ ಬಲಗಣ್ಣು ಪೂರ್ತಿ ಮುಚ್ಚತೊಡಗಿತು. ಸುಮ್ಮನಿದ್ದಾಗ ಮುಖದಲ್ಲಿ ಊನ ಕಾಣುತ್ತಿರಲಿಲ್ಲ. ಮಾತಿಗೆ ನಿಂತಾಗ, ಹತ್ತು 'ಬ'ಗಳಲ್ಲಿ ಏಳು ನೆಟ್ಟಗೆ ಬರುತ್ತಿದ್ದವು. ಏಳು ಸಾಕೆಂದು ಅವಳು ನಿರ್ಧರಿಸಿ ದತ್ತಾತ್ರೇಯರಾಯರ ಮುಂದೆ ಹೋಗಿ ನಿಂತಳು.

ರಾಯರು ಕನ್ನಡಕ ತೆಗೆದು ಒರೆಸಿದರು. ಕೆಟ್ಟ ಮಾತು ಹೇಳುವ ಮುಂಚೆ ಅವರು ಯಾವಾಗಲೂ ಕನ್ನಡಕ ಒರೆಸುತ್ತಾರೆಂದು ಅವಳಿಗೆ ಗೊತ್ತಿತ್ತು.

"ನೋಡ್ರಿ ಬಾಯಿ, ನಿಮ್ಮನ್ನ ತೆಗದೀನಿ ಅಂತ ನಾ ಎಂದೂ ಅಂದಿಲ್ಲ. ಸೆಪ್ಟೆಂಬರ್ ಹದಿನೇಳಕ್ಕ ನಮ್ಮ ಭಾಗದ ವಿಮೋಚನಾ ಉತ್ಸವ ಅದ, ಧ್ವಜ ಏರಿಸೋದು ನಾವು ಮೈದಾನದಿಂದ ಲೈವ್ ಕೊಡ್ಲತ್ತೀವಿ. ಗಾರ್ಗಿ ಓದ್ತಾಳ. ಆದ್ರ ಲೈವ್‌ನ್ಯಾಗ ನಿಮ್ಮ ಕತ್ತರಿ ನಡಿಯಂಗಿಲ್ಲ, ಅದು ನಂಗೂ ಗೊತ್ತದ. ನೀವು ತಯಾರಾಗೇ ಬರ್ರಿ. ಬಾಜೂಕ ಕುಂದರ್ರಿ. ಆಕಿ ಎಲ್ಲರ ನಿಂತ್ಳಂದ್ರ ಮೈಕು ನಿಮ್ಮದು. ಆ ದಿನ ನೀವು ಬರೋಬ್ಬರಿ ನಡೆಸಿದ್ರ, ಮರುದಿನದಿಂದ ಕುರ್ಚೀನೂ ನಿಮ್ಮದೇ."

ಒಬ್ಬಳು ಎಡವಿದರೆ ಮಾತ್ರ ಇನ್ನೊಬ್ಬಳಿಗೆ ದಾರಿ. ಈ ಷರತ್ತು ಅವಳಿಗೆ ರುಚಿಸಲಿಲ್ಲ. ಆದರೆ ಬೇಡವೆನ್ನಲೂ ಇಲ್ಲ. ಕತ್ತರಿಯಿಲ್ಲದ ಗಾರ್ಗಿ ಎಂಥವಳೆಂದು ಈ ಭೂಮಿಯ ಮೇಲೆ ಯಾರಿಗಾದರೂ ಗೊತ್ತಿದ್ದರೆ ಅದು ಅವಳಿಗೊಬ್ಬಳಿಗೆ.

ಶ್ರಾವಣದ ಕೊನೆಯ ಸೋಮವಾರ ಅವಳು ತಂದೆಯನ್ನು ನೋಡಲು ಔರಾದ ಬಸ್ಸು ಹತ್ತಿದಳು. ಧೊಂಡಿಬಾ ಹೊಲದ ಬದುವಿನ ಮೇಲೆ ಕೂತು ಕಂಬಳಿ ಹೊದ್ದಿದ್ದ. ಮಗಳ ಗದ್ದ ಹಿಡಿದು ಅತ್ತಿತ್ತ ಹೊರಳಿಸಿ, ಕುರಿಯ ಹಲ್ಲು ನೋಡುವವನಂತೆ ನೋಡಿದ.

"ಗಾಡೀ ಕಿಟಕಿ ಗಾಳಿ ಬಡದದ. ಎಷ್ಟು ಸಲ ಹೇಳಿದ್ದೆ."

"ಎಪ್ಪಾ, ನನ್ ಜಾಗಾದಾಗ ಬ್ಯಾರೆ ಹುಡುಗಿ ಕುಂತಾಳ. ನಂಗ ತಿರುಗಿ ಕೊಡ್ತಾರೇನು?"

ಮುದುಕ ಹಿಂಡಿನ ಕಡೆ ನೋಡಿದ. ಸುಳ್ಳು ಹೇಳಿ ಸಮಾಧಾನ ಮಾಡುವುದು ಅವನಿಗೆ ಬರುತ್ತಿರಲಿಲ್ಲ.

"ಮುಂದ ನಡಿಯೋ ಟಗರು ಕುಂಟ್ತಂದ್ರ, ಹಿಂಡು ಎರಡು ದಿನ ಹಿಂದಮುಂದ ನೋಡ್ತದವ್ವಾ. ಮೂರನೇ ದಿನಕ್ಕ ಬ್ಯಾರೆ ಟಗರಿನ ಹಿಂದ ಹೋಗ್ತದ."

"ಕುಂಟಿದ್ದು?"

"ಅದೂ ಹೋಗ್ತದ. ಹಿಂದ ಹಿಂದ."

ಅವಳು ಅವನೊಂದಿಗೆ ಊಟಕ್ಕೂ ನಿಲ್ಲದೆ ಮಧ್ಯಾಹ್ನದ ಬಸ್ಸಿಗೆ ಹಿಂತಿರುಗಿದಳು. ಈ ಒರಟು ಮಾತಿಗಾಗಿ ಅವಳು ಅವನನ್ನು ಕ್ಷಮಿಸಲಿಲ್ಲ.

ಸೆಪ್ಟೆಂಬರ್ ಹದಿನಾರರ ಮಧ್ಯಾಹ್ನ ಗಾರ್ಗಿ ಓದಬೇಕಾದ ಆರು ಹಾಳೆಗಳನ್ನು ಸಿದ್ದೇಶ್ವರಿ ತನ್ನ ದುಂಡನೆಯ ಅಕ್ಷರದಲ್ಲಿ ಬರೆದು ಮುಗಿಸಿದಳು. ಎರಡನೆಯ ಹಾಳೆಯಲ್ಲಿ ಐದು ಸಾಲಿನ ಒಂದು ವಾಕ್ಯವಿತ್ತು. ಅದನ್ನು ಮುರಿದು ಮೂರು ಮಾಡಬಹುದಿತ್ತು, ಮಾಡಲಿಲ್ಲ. ಕೆಂಪು ಪೆನ್ನನ್ನು ಕೈಗೆತ್ತಿಕೊಂಡಳು. ಕೆಳಗೆ ಗಿರಣಿ ತಿರುಗುತ್ತಿತ್ತು, ಮೇಜು ಸಣ್ಣಗೆ ನಡುಗುತ್ತಿತ್ತು. ಏಳು ತಿಂಗಳಲ್ಲಿ ಒಂದು ದಿನವೂ ಗೆರೆಯಿಲ್ಲದ ಹಾಳೆಯನ್ನು ಅವಳು ಆ ಹುಡುಗಿಯ ಕೈಗೆ ಕೊಟ್ಟಿರಲಿಲ್ಲ. ಪೆನ್ನಿಗೆ ಮುಚ್ಚಳ ಹಾಕಿದಳು. ಹಾಳೆಗಳನ್ನು ಹಾಗೆಯೇ ಮಡಚಿ ಗಾರ್ಗಿಗೆ ಕೊಟ್ಟಳು.

"ಅಕ್ಕಾ, ನಾಳಿಂದು ನೆನಸಿದ್ರ ಭಾಳ ಅಂಜಿಕಿ ಬರ್ಲತ್ತದ ರೀ" ಎಂದಳು ಗಾರ್ಗಿ, ಹಾಳೆಗಳನ್ನು ಬಿಡಿಸಿಯೂ ನೋಡದೆ ಚೀಲಕ್ಕೆ ಇಳಿಸುತ್ತ. "ನೀವು ಬಾಜೂಕ ಇರ್ತೀರಿ ಅಂತ ಧೈರ್ಯ, ಇಲ್ಲಂದ್ರ ನಾ ಇವತ್ತೇ ಉದಗೀರ ಗಾಡಿ ಹತ್ತತಿದ್ದೆ."

"ಓದ್ಕೋ. ಓದಿದ್ರ ಎಲ್ಲಾ ಆಗ್ತದ" ಎಂದಳು ಸಿದ್ದೇಶ್ವರಿ. ಮುಖ ಎತ್ತಲಿಲ್ಲ.

ಮರುದಿನ ಅವಳು ಬೆಳಗಿನ ಮೊದಲ ಬಸ್ಸಿಗೇ ಬೀದರ ಸೇರಿದಳು. ಮಡಿಕೆ ಮುರಿಯದ ಇಳಕಲ್ ಸೀರೆ, ಒಪ್ಪವಾಗಿ ಕಟ್ಟಿದ ತುರುಬು. ದಾರಿಯುದ್ದಕ್ಕೂ ಬಾಯೊಳಗೇ ಪ, ಬ, ಮ. ಮೈದಾನದ ಅಂಚಿನಲ್ಲಿ ಪೆಂಡಾಲಿನ ಕೆಳಗೆ ಮೇಜು ಹಾಕಿದ್ದರು. ಗಾರ್ಗಿಯ ಮುಂದೆ ಮೈಕು. ಅವಳ ಎಡಕ್ಕೆ, ಕ್ಯಾಮೆರಾದ ಕಣ್ಣಿಗೆ ಬೀಳದಷ್ಟು ದೂರದಲ್ಲಿ, ಸಿದ್ದೇಶ್ವರಿಯ ಕುರ್ಚಿ. ಕ್ಯಾಮೆರಾದ ಹಿಂದೆ ಜಹೀರೋದ್ದೀನ. ಹದಿನೈದು ವರ್ಷ ಸಿದ್ದೇಶ್ವರಿಯ ಮುಖವನ್ನೇ ಚಿತ್ರೀಕರಿಸಿದವನು.

ಗಾರ್ಗಿ ಮೊದಲ ಹಾಳೆ ಓದಿದಳು. ನಿಲ್ಲಲಿಲ್ಲ. ಎರಡನೆಯ ಹಾಳೆಗೆ ಬಂದಳು. ಐದು ಸಾಲಿನ ವಾಕ್ಯ ಶುರುವಾದಾಗ ಸಿದ್ದೇಶ್ವರಿ ತನಗರಿವಿಲ್ಲದೆ ಕುರ್ಚಿಯ ಅಂಚಿಗೆ ಸರಿದಳು. ಮೊದಲ ಸಾಲಿನ ಮುಕ್ಕಾಲು ಭಾಗಕ್ಕೆ ಗಾರ್ಗಿ ಗಿಡ್ಡ ಉಸಿರು ತೆಗೆದುಕೊಂಡಳು. ಎರಡನೆಯ ಸಾಲಿನ ಕೊನೆಯಲ್ಲಿ ಮತ್ತೊಂದು. ನಾಲ್ಕನೆಯ ಸಾಲಿನಲ್ಲಿ ತುಂಬು ಉಸಿರು. ಸಿದ್ದೇಶ್ವರಿಯಾಗಿದ್ದರೆ ಎಲ್ಲಿ ಗೆರೆ ಎಳೆಯುತ್ತಿದ್ದಳೋ, ಹೆಚ್ಚು ಕಡಿಮೆ ಅಲ್ಲಲ್ಲಿಯೇ. ವಾಕ್ಯ ದಡ ಸೇರಿತು.

ಆರು ಹಾಳೆಗಳೂ ಮುಗಿದವು. ಅತಿಥಿಗಳು ಮಾತ್ರ ಬಂದಿರಲಿಲ್ಲ. ಇಪ್ಪತ್ತು ನಿಮಿಷ ತಡವಾಗುತ್ತದೆಂದು ಯಾರೋ ಓಡಿಬಂದು ಕೈಸನ್ನೆ ಮಾಡಿದರು. ಓದಲು ಒಂದಕ್ಷರವೂ ಉಳಿದಿರಲಿಲ್ಲ. ಕ್ಯಾಮೆರಾದ ಕೆಂಪು ದೀಪ ಉರಿಯುತ್ತಲೇ ಇತ್ತು. ಗಾರ್ಗಿಯ ಮುಖದ ಬಣ್ಣ ಇಳಿಯಿತು. ಅವಳು ಎಡಕ್ಕೆ ತಿರುಗಿ ಸಿದ್ದೇಶ್ವರಿಯನ್ನು ನೋಡಿದಳು.

"ಬಾಯಿ, ತಯಾರಿರ್ರಿ" ಎಂದು ಜಹೀರೋದ್ದೀನ ಪಿಸುಗುಟ್ಟಿದ.

ಸಿದ್ದೇಶ್ವರಿಯ ಕೈ ಸೆರಗನ್ನು ಸರಿಮಾಡಿತು. ತುಟಿಗಳು ಒಂದಕ್ಕೊಂದು ಒತ್ತಿಕೊಂಡವು. ಏಳು ತಿಂಗಳು ಕಾದ ಗಳಿಗೆ ಕೈಗೆಟಕುವಷ್ಟು ಹತ್ತಿರ ಬಂದು ನಿಂತಿತ್ತು. ಅವಳು ಎದ್ದಳು.

ಅಷ್ಟರಲ್ಲಿ ಗಾರ್ಗಿ ಕ್ಯಾಮೆರಾದ ಕಡೆ ತಿರುಗಿ ಮಾತನಾಡತೊಡಗಿದ್ದಳು. ಬಿಸಿಲಿನಲ್ಲಿ ಸಾಲಾಗಿ ನಿಂತ ಮಕ್ಕಳ ಬಗ್ಗೆ. ಆ ನೀಲಿ ಅಂಗಿಯವರು ಯಾವ ತಾಲ್ಲೂಕಿನವರು, ಈ ಲೇಜಿಮ್ ಹಿಡಿದವರು ಎಷ್ಟು ಗಂಟೆಗೆ ಮನೆ ಬಿಟ್ಟಿರಬಹುದು, ಒಬ್ಬಳು ಹುಡುಗಿ ಬೂಟಿನ ಲೇಸು ಕಟ್ಟಿಕೊಳ್ಳುತ್ತಿದ್ದಾಳೆ, ಹಿಂದಿನವಳು ಅವಳ ಧ್ವಜ ಹಿಡಿದುಕೊಂಡಿದ್ದಾಳೆ. ಚಿಕ್ಕ ಚಿಕ್ಕ ವಾಕ್ಯಗಳು. ಅಲ್ಲಲ್ಲಿ ಮರಾಠಿಯ ವಾಸನೆ. ಇಪ್ಪತ್ತು ನಿಮಿಷ ಹಾಗೆಯೇ ನಡೆಯಿತು. ಸಿದ್ದೇಶ್ವರಿ ಎಷ್ಟು ಹೊತ್ತಿಗೆ ಮತ್ತೆ ಕೂತಳೆಂದು ಯಾರೂ ಗಮನಿಸಲಿಲ್ಲ.

ಧ್ವಜ ಏರಿ, ಜನ ಕರಗಿದ ಮೇಲೆ ದತ್ತಾತ್ರೇಯರಾವ್ ಇಬ್ಬರ ಬಳಿಗೂ ಬಂದರು. ಮುಖ ಅರಳಿತ್ತು, ಕನ್ನಡಕ ಒರೆಸಲಿಲ್ಲ. ಸೊಸೆಗೆ, "ಛಾನ್ ಝಾಲಂ" ಎಂದು ಮರಾಠಿಯಲ್ಲೇ ಮೆಚ್ಚಿದರು. ಸಿದ್ದೇಶ್ವರಿಗೆ, "ದಸರಾದಿಂದ ದಿನಾ ಸುದ್ದೀನೂ ಲೈವೇ ಮಾಡಿಬಿಡೋಣ ಬಾಯಿ. ಗಿರಣಿಯವಗ ಏಳಕ್ಕ ಬಂದ್ ಇಡ್ಲಾಕ ಹೇಳ್ತೇನಿ. ನಿಮಗೂ ತ್ರಾಸ ಕಮ್ಮಿ. ಹುಟ್ಟುಹಬ್ಬದ ಶುಭಾಶಯ, ಶ್ರದ್ಧಾಂಜಲಿ, ಜಾಹೀರಾತು ಇಷ್ಟು ನೋಡ್ಕೊಂಡ್ರ ಸಾಕು" ಎಂದರು. ಅವರ ದನಿಯಲ್ಲಿ ಕಪಟವಿರಲಿಲ್ಲ. ಉಪಕಾರ ಮಾಡುತ್ತಿದ್ದೇನೆಂದೇ ಅವರು ನಂಬಿದ್ದರು.

ಅವರು ಹೋದ ಮೇಲೆ ಗಾರ್ಗಿ ಆರು ಹಾಳೆಗಳನ್ನು ಮೇಜಿನ ಮೇಲಿಟ್ಟಳು. ಅವುಗಳ ಮೇಲೆ ಪೆನ್ಸಿಲಿನ ಓರೆ ಗೆರೆಗಳಿದ್ದವು. ಕೆಲವನ್ನು ಅಳಿಸಿ ಮತ್ತೆ ಎಳೆದಿದ್ದಳು.

"ನಿನ್ನಿ ನೀವು ಗೆರಿ ಹಾಕೋದು ಮರ್ತಿದ್ರಿ ಅಕ್ಕಾ. ಮನಿಗಿ ಹೋಗಿ ನೋಡ್ದೆ, ಜೀವಾನೇ ಹೋಯ್ತು. ಫೋನ್ ಮಾಡ್ಬೇಕಂತಿದ್ದೆ, ಗಾಡ್ಯಾಗಿರ್ತೀರಿ ಅಂತ ಬಿಟ್ಟೆ. ನಾನೇ ಹಾಕ್ಕೊಂಡೆ. ತಪ್ಪಿದ್ರ ತೋರಿಸ್ರಿ."

"ಹಾಕ್ಲಾಕ ಎಲ್ಲಿ ಕಲ್ತಿ?"

"ಟಿವಿ ನೋಡಿ ರೀ. ದಿನಾ ಏಳಕ್ಕ ಮನ್ಯಾಗ ಕುಂತು ನನ್ನ ಸುದ್ದಿ ನಾನೇ ನೋಡ್ತಿದ್ದೆ. ನಾ ಹಾಂಗ ಓದಿರ್ತಿದ್ದಿಲ್ಲಲ್ರೀ. ನೀವು ಕತ್ತರಿಸಿದ ಮ್ಯಾಲ ಹ್ಯಾಂಗ ಕೇಳಸ್ತದೋ, ಕನ್ನಡಿ ಮುಂದ ನಿಂತು ಹಾಂಗ ಓದೋದು ಕಲ್ತೆ."

ಸಿದ್ದೇಶ್ವರಿ ಹಾಳೆಗಳನ್ನು ಒಂದೊಂದಾಗಿ ತಿರುವಿದಳು. ತಪ್ಪು ಹುಡುಕುವುದು ಅವಳ ಕಸುಬು. ನಾಲ್ಕನೆಯ ಹಾಳೆಯಲ್ಲಿ ಒಂದು ಸಿಕ್ಕಿತು. ಗೆರೆ ಒಂದು ಪದ ಮೊದಲೇ ಬಿದ್ದಿತ್ತು. ಬೆರಳಿಟ್ಟು ತೋರಿಸಿದಳು. ಗಾರ್ಗಿ ತಲೆದೂಗಿದಳು. ಮತ್ತೊಂದು ತಪ್ಪಿಗಾಗಿ ಐದನೆಯದನ್ನೂ ಆರನೆಯದನ್ನೂ ನೋಡಿದಳು. ಇರಲಿಲ್ಲ.

ಸುಮ್ಮನಿದ್ದಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಮರೆವಿನ ಹೆಸರಿನಲ್ಲಿ ಅವಳ ಮರ್ಯಾದೆಯೂ ಉಳಿಯುತ್ತಿತ್ತು. ಆದರೆ ಇಲ್ಲದ ಮರೆವನ್ನು ಹೊತ್ತುಕೊಂಡು ಆ ಹುಡುಗಿಯ ಕನಿಕರದ ಕೆಳಗೆ ಬಾಳುವುದು ಅವಳಿಂದಾಗದ ಮಾತು.

"ಮರ್ತಿದ್ದಿಲ್ಲ ಗಾರ್ಗಿ" ಎಂದಳು. "ಬೇಕಂತ್ಲೇ ಹಾಕ್ಲಿಲ್ಲ."

'ಮ' ಮತ್ತು 'ಬ'ದಿಂದ ಶುರುವಾದ ಆ ಎರಡು ಮಾತುಗಳೂ ಒಂದಿಷ್ಟೂ ಸೋರದೆ ನೆಟ್ಟಗೆ ಹೊರಬಂದವು.

ಗಾರ್ಗಿ ಹಾಳೆಗಳನ್ನು ನೋಡಿದಳು, ಆಮೇಲೆ ಮೈದಾನವನ್ನು. ಕುರ್ಚಿಗಳನ್ನು ಒಂದರ ಮೇಲೊಂದು ಪೇರಿಸುತ್ತಿದ್ದರು. ಸಿಟ್ಟು ಬರಲಿಲ್ಲ ಅವಳಿಗೆ, ಬಂದಿದ್ದರೆ ಚೆನ್ನಾಗಿತ್ತು.

"ಯಾಕ ಹೇಳಿದ್ರಿ?" ಎಂದಳು. "ನಾ ಮರ್ತಾರಂತನೇ ತಿಳ್ಕೊಂಡಿದ್ದೆ. ಹಂಗೇ ತಿಳ್ಕೊಂಡಿರ್ತಿದ್ದೆನಲ್ರೀ."

ಸಿದ್ದೇಶ್ವರಿ ಆರು ಹಾಳೆಗಳ ಅಂಚು ಕೂಡಿಸಿ ಗಾರ್ಗಿಯ ಮುಂದೆ ಸರಿಸಿದಳು. ಸಂಜೆಯ ಗಾಡಿಯಲ್ಲಿ ಭಾಲ್ಕಿಗೆ ಹೋಗುವಾಗ ಯಾವ ಬದಿಗೆ ಕೂತಿದ್ದೇನೆಂಬುದನ್ನೂ ಅವಳು ನೋಡಿಕೊಳ್ಳಲಿಲ್ಲ. ಅನೀಲಕುಮಾರ ನಿಲ್ದಾಣಕ್ಕೇ ಬಂದಿದ್ದ. ಮುಖ ನೋಡಿ ಅವಳ ಚೀಲ ತೆಗೆದುಕೊಂಡ.

ಅವಳು ಕೆಲಸ ಬಿಡಲಿಲ್ಲ. ದಸರೆಯ ನಂತರ ದಿನವೂ ಹತ್ತರಿಂದ ಆರರವರೆಗೆ ಮೈಲೂರಿನ ಒಳಕೋಣೆಯಲ್ಲಿ ಕೂತು, ವರ್ಷ ತುಂಬಿದ ಕೂಸುಗಳ ಮತ್ತು ತೀರಿಹೋದ ಹಿರಿಯರ ಭಾವಚಿತ್ರಗಳ ಸುತ್ತ ಹೂವಿನ ಚೌಕಟ್ಟು ಕೂಡಿಸುತ್ತಾಳೆ. ಒಂದಕ್ಕೆ ಗುಲಾಬಿ, ಇನ್ನೊಂದಕ್ಕೆ ಸೇವಂತಿಗೆ. ಅವಳು ಮಾಡಿದ ಚೌಕಟ್ಟು ಓರೆಯಾದದ್ದನ್ನು ಯಾರೂ ಕಂಡಿಲ್ಲ. ಐದೂವರೆಗೆ ಗಾರ್ಗಿ ಬರುತ್ತಾಳೆ, ಬಾಗಿಲಲ್ಲಿ ನಿಂತು ಕೈಮುಗಿಯುತ್ತಾಳೆ, ಊಟವಾಯಿತೇ ಎಂದು ಕೇಳುತ್ತಾಳೆ. ಗೌರವದಲ್ಲಿ ಒಂದು ಗುಲಗಂಜಿಯಷ್ಟೂ ಕೊರತೆಯಿಲ್ಲ. ಅಕ್ಕಾ ಎಂದು ಮಾತ್ರ ಆ ದಿನದಿಂದ ಕರೆದಿಲ್ಲ, ಮೇಡಂ ಎನ್ನುತ್ತಾಳೆ.